ಅಕ್ಕ ನಿಲ್ಲುತ್ತಿದ್ದ ಸ್ಟೇಷನ್

ಬೆಂಗಳೂರಿನ ಯಾವ ರೈಲು ಸ್ಟೇಷನ್ನಿನ ಹೆಸರು ಹೇಳಿದರೂ ಅಲ್ಲಿ ಮೊದಲು ಏನಿತ್ತು ಎಂದು ನಮ್ಮಕ್ಕ ಹೇಳುತ್ತಿದ್ದಳು. ಕೇಳಿದವರಿಗೂ ಹೇಳುತ್ತಿದ್ದಳು, ಕೇಳದವರಿಗೂ ಹೇಳುತ್ತಿದ್ದಳು. ಹಟ್ಟಿಗೆ ಬಂದಾಗ ನೀರಿಗೆ ಹೊರಟ ಹೆಂಗಸರನ್ನು ನಿಲ್ಲಿಸಿಕೊಂಡು, "ದಾಸರಹಳ್ಳಿ ಸ್ಟೇಷನ್ ಐತಲ್ಲ, ಅದು ಹುಚ್ಚೆಳ್ಳು ಹೊಲ ಕಣಮ್ಮ. ಹೂವಾದಾಗ ಕಣ್ಣು ಕೋರೈಸ್ತಿತ್ತು" ಎನ್ನುವಳು. ದಾಸರಹಳ್ಳಿ ಯಾವ ದಿಕ್ಕಿಗಿದೆ ಎಂದೂ ತಿಳಿಯದ ಆ ಹೆಂಗಸರು "ಔದಾ ತಾಯಿ" ಎಂದು ಕೊಡ ಎತ್ತಿಕೊಂಡು ಹೋಗುವರು. ಅಕ್ಕನಿಗೆ ಬೇಜಾರಿಲ್ಲ. ಮುಂದಿನವರನ್ನು ಹಿಡಿಯುವಳು.

ನಮ್ಮ ಹಟ್ಟಿ ಇರುವುದು ಬುಕ್ಕಾಪಟ್ಟಣದ ಹತ್ತಿರ, ಕುರುಚಲು ಕಾಡಿನ ಅಂಚಿನಲ್ಲಿ. ಕುರಿಯೇ ಕಸುಬು. ನಾನು ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟೆ. ಅಕ್ಕ ಶಾಲೆಯ ಬಾಗಿಲನ್ನೇ ತುಳಿಯಲಿಲ್ಲ. ಅಪ್ಪನ ಕಾಲಿಗೆ ಜಾಲಿಮುಳ್ಳು ಹೊಕ್ಕು, ಅದು ಕೀವಾಗಿ, ಅವನು ಮತ್ತೆ ದೂರ ನಡೆಯಲಾಗದೇ ಹೋದಾಗ, ಮಂದೆಯ ಹಿಂದೆ ಹೊರಟವಳು ಅವಳು. ದೊಡ್ಡಪ್ಪ, ದೊಡ್ಡವ್ವ, ಅಕ್ಕ, ಒಂದು ಕತ್ತೆ. ಕತ್ತೆಯ ಮೇಲೆ ಪಾತ್ರೆ, ಗೂಟ, ಬಲೆ, ಅದೇ ವಾರ ಹುಟ್ಟಿದ ಮರಿಗಳು, ಅವುಗಳ ನಡುವೆ ನಾನು. ಮರಿ ಯಾವುದು ತಮ್ಮ ಯಾವುದು ಎಂದು ಗೊತ್ತಾಗುತ್ತಿರಲಿಲ್ಲ ಎಂದು ಅಕ್ಕ ಕೊನೆಯವರೆಗೂ ಅಣಕಿಸುತ್ತಿದ್ದಳು. "ನಿನ್ಗೂ ಮೂಗು ಸುರೀತಿತ್ತು, ಅವುಕ್ಕೂ ಸುರೀತಿತ್ತು ಕಣ್ಲಾ."

ಸುಗ್ಗಿ ಮುಗಿದ ಮೇಲೆ ಹೊರಟರೆ ಸಿರಾ ದಾಟಿ, ತುಮಕೂರು ದಾಟಿ, ನೆಲಮಂಗಲದಿಂದ ಮುಂದೆ ಬೆಂಗಳೂರಿನ ದಾರಿ ಹಿಡಿಯುತ್ತಿದ್ದೆವು. ಕೊಯ್ದ ಹೊಲಗಳಲ್ಲಿ ರಾತ್ರಿ ಮಂದೆ ನಿಲ್ಲಿಸುವುದು ನಮ್ಮ ಕೆಲಸ. ಕುರಿ ಮಲಗಿದ ಹೊಲಕ್ಕೆ ಗೊಬ್ಬರ ಬೇರೆ ಬೇಡ. ಹೊಲದವರು ರಾಗಿ ಕೊಡುತ್ತಿದ್ದರು. ಮಾದಾವರ, ನಾಗಸಂದ್ರ, ದಾಸರಹಳ್ಳಿ, ಜಾಲಹಳ್ಳಿ, ಪೀಣ್ಯ, ಗೊರಗುಂಟೆಪಾಳ್ಯ. ಇವು ನಮಗೆ ಊರಿನ ಹೆಸರಲ್ಲ, ಮಂದೆ ಹಾಕುವ ಜಾಗದ ಹೆಸರು. ಯಶವಂತಪುರದ ಸಂತೆಯಲ್ಲಿ ಟಗರು ಮಾರಿ ತಿರುಗಿದರೆ ಆ ವರ್ಷದ ನಡಿಗೆ ಮುಗಿಯಿತು.

ಅದೇ ರಸ್ತೆಯ ನಡುವೆ ಎಷ್ಟೋ ವರ್ಷದ ಮೇಲೆ ಮೆಟ್ರೋ ಕಂಬಗಳು ಎದ್ದವು. ಅಷ್ಟರಲ್ಲಿ ಅಕ್ಕನನ್ನು ತೋವಿನಕೆರೆಗೆ ಕೊಟ್ಟಿದ್ದೆವು. ಭಾವ ಗಾರೆ ಕೆಲಸದವನು. ಕಂಬದ ಕೆಲಸಕ್ಕೆಂದು ಇಬ್ಬರೂ ಬೆಂಗಳೂರಿಗೆ ಹೋದರು. ಅಕ್ಕ ಆ ಕಂಬಗಳಿಗೆ ಜಲ್ಲಿ ಹೊತ್ತಳು. ಮಕ್ಕಳಾಗಲಿಲ್ಲ. ಭಾವ ಕಾಮಾಲೆಯಲ್ಲಿ ಹೋದ. ಬಾ ಎಂದು ಕರೆದರೂ ಅವಳು ಹಟ್ಟಿಗೆ ವಾಪಸು ಬರಲಿಲ್ಲ. ಮೇಲೆ ರೈಲು ಓಡಲು ಶುರುವಾದಾಗ ಯಾರೋ ಕಂತ್ರಾಟುದಾರರ ಮೂಲಕ ಗಾರ್ಡ್ ಕೆಲಸಕ್ಕೆ ಸೇರಿದಳು. ಹೆಂಗಸರ ಚೀಲ, ಮೈ ತಪಾಸಣೆ ಮಾಡುವುದು. ಪ್ಲಾಟ್‌ಫಾರಂನಲ್ಲಿ ಹಳದಿ ಗೆರೆ ದಾಟದಂತೆ ಜನರನ್ನು ತಡೆಯುವುದು. ಪ್ಯಾಂಟು, ಷರಟು, ಕೊರಳಿಗೆ ಸೀಟಿ.

"ನಾವ್ ಎಲ್ಲೆಲ್ಲಿ ಮಂದೆ ಹಾಕಿದ್ವೋ ಅಲ್ಲೆಲ್ಲ ಒಂದೊಂದು ಸ್ಟೇಷನ್ ಕಟ್ಟವ್ರೆ ಕಣ್ಲಾ" ಎಂದು ಮೊದಲ ಸಲ ಫೋನಿನಲ್ಲಿ ಹೇಳಿದಾಗ ಅವಳ ದನಿ ಹುಡುಗಿಯ ದನಿಯಂತಿತ್ತು. "ನಮ್ಮನ್ನ ಕೇಳಿ ಕಟ್ದಂಗೈತೆ."

ಅವಳಿಗೆ ಸ್ವತಃ ಗೊತ್ತಿದ್ದುದು ಆ ದಾರಿಯ ಸ್ಟೇಷನ್ನುಗಳ ಕಥೆ ಮಾತ್ರ. ಉಳಿದವುಗಳದ್ದನ್ನು ಅವಳು ಕೇಳಿ ಕೇಳಿ ಕೂಡಿಸಿಕೊಂಡಳು. ಕಡಲೆಕಾಯಿ ಮಾರುವ ಮುದುಕರು, ಹೂವಿನವರು, ಹಳೇ ಪೋರ್ಟರುಗಳು, ಹೊತ್ತು ಕಳೆಯಲು ಬಂದು ಕೂತ ಪಿಂಚಣಿದಾರರು, ಯಾರನ್ನೂ ಬಿಡುತ್ತಿರಲಿಲ್ಲ. ದಂಡು, ಅಂದರೆ ಕಂಟೋನ್ಮೆಂಟ್ ಸ್ಟೇಷನ್ನೇ ಊರಿಗೆಲ್ಲ ಹಳೆಯದಂತೆ. "ಬಿಳೀ ಜನದ ದಂಡು ಇಳಿಯಕ್ಕೆ ಅಂತ ರೈಲು ಮೊದ್ಲು ಅಲ್ಲಿಗೇ ಬಂದಿದ್ದು. ನಮ್ ಜನ ಇಳಿಯೋ ಸ್ಟೇಷನ್ನು ಆಮೇಲೆ." ಮಾರ್ಕೆಟ್ಟಿನ ಕೆಳಗೆ ಮೆಟ್ರೋಗೆ ಅಗೆದಾಗ ಹಳೇ ಕಾಲದ ಫಿರಂಗಿ ಸಿಕ್ಕಿದ್ದನ್ನು, ತಾನೇ ಹಾರೆ ಹಿಡಿದು ಎಬ್ಬಿಸಿದವಳ ಹಾಗೆ ಹೇಳುತ್ತಿದ್ದಳು. ಹಳೇ ರೈಲು ಸ್ಟೇಷನ್ನುಗಳಲ್ಲಿ ಸಣ್ಣ ಹಳಿ ಹೋಗಿ ದೊಡ್ಡ ಹಳಿ ಬಂದಾಗ ಹಳೇ ಪ್ಲಾಟ್‌ಫಾರಂ ಒಡೆಯದೆ ಅದರ ಮೇಲೆಯೇ ಹೊಸದನ್ನು ಎತ್ತರಿಸಿದರಂತೆ. "ಸ್ಟೇಷನ್ನು ಅಂದ್ರೆ ಒಂದ್ರ ಮೇಲೊಂದು ಹಾಸಿದ ಕಂಬ್ಳಿ ಇದ್ದಂಗೆ. ಮೇಲಿಂದು ಎತ್ತಿದ್ರೆ ಕೆಳಗೆ ಇನ್ನೊಂದು ಬೆಚ್ಚಗಿರ್ತದೆ."

ಅವಳು ಹೇಳಿದ್ದೆಲ್ಲ ಸರಿಯಲ್ಲ. ಮೆಜೆಸ್ಟಿಕ್ಕಿನ ಬಸ್ ಸ್ಟ್ಯಾಂಡು ಇರುವುದು ಕೆರೆಯ ಅಂಗಳದಲ್ಲಿ, ಎದುರಿನ ಸ್ಟೇಷನ್ನಿಗೆ ಬರುವ ಉಗಿಗಾಡಿಗಳು ನೀರು ಕುಡಿದೂ ಕುಡಿದೂ ಆ ಕೆರೆ ಬರಿದಾಯಿತು ಎನ್ನುವುದು ಅವಳ ಮೆಚ್ಚಿನ ಕಥೆ. ಒಂದು ಸಲ ಇದನ್ನು ಯಾರೋ ರಿಟೈರಾದ ಮೇಷ್ಟರ ಮುಂದೆ ಹೇಳಿದಳು. ಅವರು, "ಅಲ್ಲಮ್ಮ, ಊರಿಗೆ ಕೊಳಾಯಿ ನೀರು ಬಂದ ಮೇಲೆ ಕೆರೆಯನ್ನು ಯಾರೂ ನೋಡಿಕೊಳ್ಳಲಿಲ್ಲ, ಹೂಳು ತುಂಬಿ ಬತ್ತಿತು" ಎಂದರಂತೆ. ಇವಳು ಒಪ್ಪಿದಳು. ಪೂರ್ತಿ ಒಪ್ಪಲಿಲ್ಲ. "ಅಂಗೂ ಇರ್ಬೌದು ಸ್ವಾಮಿ. ಆದ್ರೆ ಇಂಜಿನ್ನೂ ಒಸಿ ಕುಡ್ದಿರ್ತದೆ."

ಓದು ಕಲಿತದ್ದು ಸ್ಟೇಷನ್ನಿನ ಬೋರ್ಡುಗಳಿಂದ. ಕೂಗಿ ಹೇಳುವ ಹೆಸರು ಯಾವುದು, ಬೋರ್ಡಿನ ಮೇಲೆ ಬರೆದದ್ದು ಯಾವುದು ಎಂದು ತಾಳೆ ಹಾಕಿ ಹಾಕಿ ಅಕ್ಷರ ಹಿಡಿದಳು. ಬೋರ್ಡಿನ ಗಾತ್ರದ ಅಕ್ಷರ ಮಾತ್ರ. ಪೇಪರು ಕೊಟ್ಟರೆ, "ಇರುವೆ ಸಾಲು ನನ್ ಕೈಲಾಗಲ್ಲ" ಎಂದು ಮಡಚಿಡುವಳು. ಹಟ್ಟಿಗೆ ಬರುವಾಗ ಸಿರಾ ಬಸ್ ಸ್ಟ್ಯಾಂಡಿನಲ್ಲಿ ಇಳಿದು ಒಂದೊಂದೇ ಅಂಗಡಿಯ ಬೋರ್ಡನ್ನು ಗಟ್ಟಿಯಾಗಿ ಓದುತ್ತಾ ಬರುವುದು ಅವಳಿಗೊಂದು ಹಬ್ಬ. ಅಲ್ಲಿನ ಟೀ ಅಂಗಡಿಯ ಸಾಬರು ಒಮ್ಮೆ, "ಆಪಾ, ನಮ್ದು ಬೋರ್ಡು ಬಂದಾಗೆಲ್ಲ ಓದ್ಬಿಟ್ಟು ಹಂಗೇ ಹೋಗ್ತೀರಲ್ಲ, ಒಂದ್ ದಫಾ ಟೀನೂ ಕುಡೀರಿ" ಎಂದು ನಗಿಸಿದ್ದರು.

ಅವಳ ಕೂಗನ್ನೂ ಹೇಳಬೇಕು. ಪ್ರತಿ ಮನೆಯ ಮಂದೆಗೂ ಒಂದು ಕೂಗಿರುತ್ತದೆ. ನಮ್ಮಪ್ಪನಿಗೆ ದಮ್ಮಿನ ಕಾಯಿಲೆ ಇತ್ತು. "ಹುರ್ರ್ ಹೋ" ಎಂದು ಎತ್ತಿ, ನಡುವೆ ಉಸಿರು ಸಾಲದೆ ನಿಲ್ಲಿಸಿ, ಮತ್ತೆ "ಹೋಯ್" ಎಂದು ಮುಗಿಸುತ್ತಿದ್ದ. ನಮಗೆ ಇಬ್ಬರಿಗೂ ದಮ್ಮಿಲ್ಲ. ಆದರೂ ಆ ನಡುವಿನ ಉಸಿರು ಬಿಟ್ಟು ಕೂಗಿದರೆ ನಮ್ಮ ಕುರಿ ತಿರುಗಿ ನೋಡುವುದಿಲ್ಲ. ಒಂದು ಸಂಜೆ ಮೆಜೆಸ್ಟಿಕ್ಕಿನ ನೆಲದಡಿಯ ಸ್ಟೇಷನ್ನಿನಲ್ಲಿ ರೈಲು ತಡವಾಗಿ, ಜನ ಒಬ್ಬರ ಮೇಲೊಬ್ಬರು ಬಿದ್ದು ಹಳದಿ ಗೆರೆ ದಾಟುತ್ತಿದ್ದರಂತೆ. ಸೀಟಿ ಊದಿದರೆ ಯಾರಿಗೂ ಕೇಳಲಿಲ್ಲ. ಅಕ್ಕನ ಬಾಯಿಂದ ಅಪ್ಪನ ಕೂಗು ಬಂತು. ಇಡೀ ಪ್ಲಾಟ್‌ಫಾರಂ ನಿಂತಿತು. ಮೇಲಿನವರು ಕರೆದು, "ಇದೇನಮ್ಮ ಕುರಿ ಹಟ್ಟೀನಾ?" ಎಂದು ಬೈದರು.

"ಅಲ್ಲ ಸಾರ್" ಎಂದಳಂತೆ. "ಕುರಿ ಆಗಿದ್ರೆ ಅಷ್ಟು ಜೋರಾಗಿ ಕೂಗ್ಬೇಕಾಗಿರ್ಲಿಲ್ಲ."

ಇದನ್ನೆಲ್ಲ ಅವಳು ನನಗೆ ಹೇಳಿದ್ದು ಫೋನಿನಲ್ಲಿ, ಸಂಜೆ, ಕುರಿ ಮನೆಗೆ ಬರುವ ಹೊತ್ತಿನಲ್ಲಿ. ನನಗೆ ಆಗಲೇ ಕೈತುಂಬ ಕೆಲಸ. ಫೋನನ್ನು ಸ್ಪೀಕರಿಗೆ ಹಾಕಿ ಕುರಿ ಕೂಡುವ ರೊಪ್ಪದ ಕಲ್ಲಿನ ಮೇಲಿಟ್ಟು ಮರಿಗಳನ್ನು ತಾಯಿಗೆ ಬಿಡುತ್ತಿದ್ದೆ. ಆಗಾಗ "ಹ್ಞೂಂ" ಎನ್ನುತ್ತಿದ್ದೆ. ಅವಳು ಅಷ್ಟಕ್ಕೇ ಬಿಡುವವಳಲ್ಲ.

"ಲೇ, ಕೇಳ್ತಿದೀಯಾ? ಈಗ್ ಯಾವ್ ಸ್ಟೇಷನ್ ಹೇಳ್ದೆ ಹೇಳು?"

"ಯಶವಂತಪುರ" ಎನ್ನುತ್ತಿದ್ದೆ. ನನಗೆ ನೆನಪಿದ್ದುದು ಅದೊಂದೇ.

"ನಿನ್ ತಲೆ. ಜಾಲಳ್ಳಿ ಹೇಳ್ತಿದ್ದೆ" ಎಂದು ನಕ್ಕು ಮತ್ತೆ ಮೊದಲಿಂದ ಶುರು ಮಾಡುವಳು.

ಬಾ ಎಂದು ಕರೆಯುತ್ತಲೇ ಇದ್ದಳು. "ಒಂದ್ಸಲ ಬಾರ್ಲಾ. ಈ ತುದಿಯಿಂದ ಆ ತುದಿಗೆ ಕರ್ಕೊಂಡೋಗ್ತೀನಿ. ನೀನು ಕತ್ತೆ ಮೇಲಿಂದ ಬಿದ್ದಿದ್ದು ಎಲ್ಲಿ ಅಂತ ತೋರಿಸ್ತೀನಿ, ಈಗ ಅಲ್ಲಿ ಎಸ್ಕಲೇಟ್ರು ಐತೆ." ನಾನು ಬೆಂಗಳೂರಿಗೆ ಹೋಗುತ್ತಿರಲಿಲ್ಲ ಎಂದಲ್ಲ. ಬಕ್ರೀದಿಗೆ ಮುಂಚೆ ಟೆಂಪೋದಲ್ಲಿ ಟಗರು ತುಂಬಿಕೊಂಡು ಪ್ರತಿ ವರ್ಷ ಹೋಗುತ್ತಿದ್ದೆ. ಆ ಕಂಬಗಳ ಕೆಳಗೇ ಹಾದು ಹೋಗುತ್ತಿದ್ದೆ. ಪುರುಸೊತ್ತಿಲ್ಲ ಕಣಕ್ಕ ಎಂದು ಹೇಳಿ ತಿರುಗಿ ಬರುತ್ತಿದ್ದೆ. ನಿಜ ಹೇಳುವುದಾದರೆ, ಪುರುಸೊತ್ತು ಇತ್ತು. ಬುಕ್ಕಾಪಟ್ಟಣದ ಹೋಟೆಲಿನಲ್ಲಿ ಹುಡುಗರು, "ಏನಪ್ಪ, ನಿಮ್ಮಕ್ಕ ಪ್ಯಾಂಟ್ ಹಾಕ್ಕೊಂಡು ಬೆಂಗ್ಳೂರ್ ಹೆಂಗಸರ ಜೇಬು ತಡಕ್ತಾಳಂತೆ" ಎಂದು ನಕ್ಕಾಗ ನಾನೂ ಅವರ ಜೊತೆ ನಕ್ಕಿದ್ದೆ. ನಕ್ಕ ಬಾಯಲ್ಲಿ ಹೋಗಿ ಅವಳ ಮುಂದೆ ನಿಲ್ಲುವುದು ಹೇಗೆ?

ಕೊರೊನಾ ಎರಡನೇ ಸಲ ಎದ್ದಾಗ ಅಕ್ಕ ಹೋದಳು. ಜ್ವರ ಎಂದು ಆಸ್ಪತ್ರೆಗೆ ಸೇರಿದ್ದು ಗೊತ್ತಾಯಿತು, ಆಮೇಲೆ ಇಲ್ಲ ಎಂದು ಗೊತ್ತಾಯಿತು. ಲಾಕ್‌ಡೌನಿನಲ್ಲಿ ರಸ್ತೆ ಬಂದ್ ಆಗಿತ್ತು. ಮಣ್ಣೋ ಬೆಂಕಿಯೋ, ಅಲ್ಲೇ ಮುಗಿಸಿದರು. ಬಸ್ಸು ಬಿಟ್ಟ ಮೇಲೆ ನಾನು ಹೋಗುವಷ್ಟರಲ್ಲಿ ಅವಳ ಬಾಡಿಗೆ ಕೋಣೆಯಲ್ಲಿ ಬೇರೆಯವರಿದ್ದರು. ಕೆಲಸ ಕೊಟ್ಟಿದ್ದ ಕಂತ್ರಾಟುದಾರ ಬಿಟ್ಟು ಹೋಗಿದ್ದ.

ನಮ್ಮ ಮನೆಯಲ್ಲಿ ಒಂದು ಪದ್ಧತಿ ಇದೆ. ಮಂದೆಯ ಹಿಂದೆ ಹೋಗಿ ಪರಸ್ಥಳದಲ್ಲಿ ಸತ್ತವರನ್ನು ಮನೆಗೆ ಕರೆದು ತರಬೇಕು. ಒಡಹುಟ್ಟಿದವರು ಕರಿಕಂಬಳಿ ತೆಗೆದುಕೊಂಡು, ಸತ್ತವರು ಕೊನೆಗೆ ಮಂದೆ ಹಾಕಿದ ಜಾಗಕ್ಕೆ ಹೋಗಬೇಕು. ಅಲ್ಲಿ ಕಂಬಳಿ ಹಾಸಿ, ಆಚೆ ಗುಡ್ಡಕ್ಕೆ ಕೇಳುವ ಹಾಗೆ ಗಟ್ಟಿಯಾಗಿ ಕರೆಯಬೇಕು. ಆ ಜಾಗದ ಕಲ್ಲೊಂದನ್ನು ಕಂಬಳಿಯ ಮೂಲೆಗೆ ಕಟ್ಟಿಕೊಂಡು ಹೊರಡಬೇಕು. ದಾರಿಯಲ್ಲಿ ಹಳ್ಳ ಬಂದರೆ "ಹಳ್ಳ ಬಂತು, ದಾಟು", ಕವಲು ಬಂದರೆ "ಈ ಕಡೆ ಬಾ" ಎಂದು ಹೇಳುತ್ತಾ ಬರಬೇಕು. ಕುರಿ ಒಳಗಾಗುವ ಹೊತ್ತಿಗೆ ಮನೆ ಮುಟ್ಟಬೇಕು. ಬಾಗಿಲು ಹಾಕಿರುತ್ತದೆ. ಒಳಗಿನಿಂದ ಮನೆಯ ಹಿರಿಯರು ಕೇಳುತ್ತಾರೆ: ಯಾರನ್ನು ಕರೆದುಕೊಂಡು ಬಂದೆ, ಎಲ್ಲಿಂದ ಕರೆದುಕೊಂಡು ಬಂದೆ? ಜಾಗ ಹೇಳಿದರೆ ಬಾಗಿಲು ತೆಗೆಯುತ್ತಾರೆ, ಕಲ್ಲನ್ನು ಹಿರಿಯರ ಕಲ್ಲುಗಳ ಜೊತೆ ಕೂರಿಸುತ್ತಾರೆ. ಸುಳ್ಳು ಜಾಗದಿಂದ ಕರೆದರೆ ಸತ್ತವರಿಗೆ ಅದು ಕೇಳಿಸುವುದಿಲ್ಲ. ಅವರು ತಮ್ಮ ಜಾಗದಲ್ಲೇ, ಇಲ್ಲದ ಮಂದೆ ಕಾಯುತ್ತಾ ಉಳಿದುಬಿಡುತ್ತಾರೆ.

ಅಕ್ಕ ಹಾಕಿದ ಕೊನೆಯ ಮಂದೆ ಸ್ಟೇಷನ್ನಿನದು ಎಂದು ದೊಡ್ಡವ್ವ ಹೇಳಿದಳು. ಮಂದೆಯ ಹಿಂದೆ ನಡೆದವರಲ್ಲಿ ಈಗ ಉಳಿದಿರುವ ಹಿರಿಯಳು ಅವಳೊಬ್ಬಳೇ. "ಅವ್ಳು ಜನಾನ ಕಾಯ್ತಿದ್ದ ಜಾಗಕ್ಕೇ ಹೋಗ್ಬೇಕು ಕಣಪ್ಪ. ಯಾವುದು ಅಂತ ನಿನ್ಗೆ ಗೊತ್ತಲ್ಲ, ದಿನಾ ಮಾತಾಡ್ತಿದ್ದಲ್ಲ."

ಹ್ಞೂಂ ಎಂದೆ.

ಗೊತ್ತಿರಲಿಲ್ಲ. ಅಷ್ಟು ವರ್ಷ ಅಷ್ಟು ಸ್ಟೇಷನ್ನುಗಳ ಕಥೆ ಹೇಳಿದ ಅಕ್ಕ ತಾನು ನಿಲ್ಲುತ್ತಿದ್ದದ್ದು ಯಾವುದರಲ್ಲಿ ಎಂದು ನನಗೆ ಗೊತ್ತಿರಲಿಲ್ಲ. ಅವಳು ಹೇಳಿರಬಹುದು, ನಾನು ಆಗ ಮರಿ ಬಿಡುತ್ತಿದ್ದಿರಬಹುದು. ನಾನಾಗಿ ಒಂದು ಸಲವೂ ಕೇಳಿರಲಿಲ್ಲ. ಗೊತ್ತಿಲ್ಲ ಎಂದು ದೊಡ್ಡವ್ವನ ಮುಖ ನೋಡಿ ಹೇಳಲು ಬಾಯಿ ಬರಲಿಲ್ಲ.

ಆಗ ನಮ್ಮ ದಿಕ್ಕಿನಿಂದ ಹೋದರೆ ಮೆಟ್ರೋದ ಮೊದಲ ಸ್ಟೇಷನ್ನು ನಾಗಸಂದ್ರ. ಬಸ್ಸು ಅಲ್ಲಿ ಇಳಿಸಿತು. ನಾನು ಮೆಟ್ಟಿಲು ಹತ್ತಲೂ ಇಲ್ಲ. ಕಂಬದ ಬುಡದಲ್ಲಿ ಲಾರಿಗಳ ನಡುವೆ ನಿಂತು, ಜನ ನೋಡುತ್ತಾರೆಂದು ಕಂಬಳಿಯನ್ನು ಪೂರ್ತಿ ಬಿಚ್ಚದೆ, "ಅಕ್ಕ ಬಾ" ಎಂದು ಮೂಗಿನೊಳಗೇ ಅಂದೆ. ರಸ್ತೆಯ ಬದಿಯ ಒಂದು ಜಲ್ಲಿಕಲ್ಲು ಎತ್ತಿಕೊಂಡೆ. ಸಂಜೆ ಬಾಗಿಲ ಮುಂದೆ ನಿಂತಾಗ ದೊಡ್ಡವ್ವ ಒಳಗಿನಿಂದ ಕೇಳಿದಳು, "ಎಲ್ಲಿಂದ ಕರ್ಕೊಂಡು ಬಂದೆ?"

"ಅವ್ಳು ನಿಲ್ತಿದ್ದ ಸ್ಟೇಷನ್ನಿಂದ. ನಾಗಸಂದ್ರ."

ಬಾಗಿಲು ತೆರೆಯಿತು. ದೊಡ್ಡವ್ವ ಆ ಜಲ್ಲಿಕಲ್ಲನ್ನು ಎರಡೂ ಕೈಯಲ್ಲಿ ತೆಗೆದುಕೊಂಡು ಕಣ್ಣಿಗೊತ್ತಿಕೊಂಡಳು. ಆ ಎರಡು ಕೈಯನ್ನು ನಾನು ಮರೆಯಲಾರೆ.

ಹೋದ ಸುಗ್ಗಿಯ ಮೇಲೆ ಮಂದೆಯನ್ನು ಮಧುಗಿರಿ ಕಡೆ ಹೊಡೆದುಕೊಂಡು ಹೋಗಿದ್ದೆ. ಅಲ್ಲಿ ಈಗ ರೈಲು ಹಾದಿಯ ಕೆಲಸ ನಡೆಯುತ್ತಿದೆ. ಕೊರಟಗೆರೆಯಿಂದ ಮಧುಗಿರಿ, ಮುಂದೆ ಪಾವಗಡ. ಹೊಲಗಳ ನಡುವೆ ಕೆಂಪು ಮಣ್ಣಿನ ಉದ್ದನೆಯ ದಿಬ್ಬ. ಮಂದೆ ಆ ದಿಬ್ಬ ಹತ್ತಿಬಿಟ್ಟಿತು. ಸಾಮಾನಿನ ಶೆಡ್ಡಿನಿಂದ ಒಬ್ಬಳು ಗಾರ್ಡ್ ಹೆಂಗಸು ಕೋಲು ಹಿಡಿದು ಓಡಿ ಬಂದಳು.

"ಏಯ್ ಅನ್ನಾ! ನಿನ್ ಗೊರ್ರೆಲು ತೋಲು! ಕುರಿ ಕೆಳಕ್ಕೆ ಹೊಡಿ! ಮಣ್ಣೆಲ್ಲ ಇಳ್ಸಿಬಿಟ್ರೆ ನನ್ನ ಕೇಳ್ತಾರೆ, ನಿನ್ನಲ್ಲ!"

ನಾನು ಕೂಗಿದೆ. ಹುರ್ರ್ ಹೋ, ಉಸಿರು, ಹೋಯ್. ಕುರಿಗಳು ತಿರುಗಿ ಇಳಿದವು. ಆ ಹೆಂಗಸು ಎತ್ತಿದ ಕೋಲನ್ನು ಎತ್ತಿದ ಹಾಗೇ ಹಿಡಿದುಕೊಂಡು ನಿಂತಳು.

"ಈ ಕೂಗು ನಿಂಗೆ ಎಲ್ಲಿದು?"

"ನಮ್ಮಪ್ಪಂದು."

"ಅಯ್ಯೋ ದೇವುಡಾ" ಎಂದು ಅವಳು ದಿಬ್ಬದ ಮೇಲೇ ಕೂತುಬಿಟ್ಟಳು. "ಮೆಟ್ರೋದಲ್ಲಿ ನಮ್ಮಕ್ಕ ಒಬ್ರು ಇಂಗೇ ಕೂಗ್ತಿದ್ರು."

ಅವಳು ಪಾವಗಡದ ಕಡೆಯವಳು. ಅಕ್ಕನ ಜೊತೆ ಕೆಲಸ ಮಾಡಿ, ಕೊರೊನಾ ಆದ ಮೇಲೆ ಊರ ಹತ್ತಿರ ಬಂದಿದ್ದಾಳೆ. ನಾನು ಮೊದಲು ಕೇಳಿದ್ದು ಅದನ್ನೇ. "ಅಕ್ಕ ಯಾವ ಸ್ಟೇಷನ್ನಲ್ಲಿ ನಿಲ್ತಿದ್ಲು?"

ಅವಳಿಗೆ ನಗು ಬಂತು. "ಯಾವುದಂತ ಹೇಳ್ಲಿ? ಆಯಮ್ಮ ರಿಲೀವರ್ ಅನ್ನಾ. ಯಾರ್ ರಜಾ ಹಾಕ್ತಾರೋ ಅವ್ರ ಜಾಗಕ್ಕೆ ಹೋಗಿ ನಿಲ್ಲೋದು. ಇವತ್ತು ಪೀಣ್ಯ, ನಾಳೆ ಮಾರ್ಕೆಟ್ಟು, ನಾಡಿದ್ದು ಇನ್ನೆಲ್ಲೋ. ನಮ್ಗೆಲ್ಲ ಒಂದೇ ಸ್ಟೇಷನ್ ಬೇಕು ಅಂತ ಜಗಳ. ಆಯಮ್ಮಂಗೆ ತಿರುಗೋದೇ ಇಷ್ಟ. ಒಂದೇ ಕಡೆ ಮಂದೆ ಹಾಕಿದ್ರೆ ಹೊಲಕ್ಕೂ ಒಳ್ಳೇದಲ್ಲ, ಕುರಿಗೂ ಒಳ್ಳೇದಲ್ಲ ಅನ್ನೋರು."

ಕೋಲನ್ನು ಕೆಳಗಿಟ್ಟು ಅವಳೇ ಮುಂದುವರಿಸಿದಳು. "ಹೋದ ಕಡೆಯೆಲ್ಲ ಹಳೇ ಜನಾನ ಹಿಡ್ಕೊಂಡು, ಇಲ್ಲಿ ಮೊದ್ಲು ಏನಿತ್ತು ಅಂತ ಕೇಳೋದು. ನಿಂಗ್ಯಾಕಕ್ಕ ಇದೆಲ್ಲ, ಯಾರ್ ಕೇಳ್ತಾರೆ ಅಂತಿದ್ವಿ. ನನ್ ತಮ್ಮ ಒಬ್ನು ಕೇಳ್ತಾನೆ ಅನ್ನೋರು. ಎಷ್ಟೊತ್ತಾದ್ರೂ ಫೋನ್ ಇಡಲ್ಲ, ಅವನಿಗೋಸ್ಕರನೇ ಕೇಳಿ ಇಟ್ಕೊತೀನಿ ಅಂತ." ನನ್ನ ಮುಖ ನೋಡಿ, "ನೀನೇನಾ ಆ ತಮ್ಮ?" ಎಂದಳು.

ಹ್ಞೂಂ ಎನ್ನಲು ಹೊರಟವನು ಹೌದು ಎಂದೆ.

ಮಂದೆಯನ್ನು ಮನೆ ಮುಟ್ಟಿಸಿದ ಮೇಲೆ ಹೆಂಡತಿಗೆ ಎಲ್ಲ ಹೇಳಿದೆ. ಅವಳು ಬೈಯಲಿಲ್ಲ. ಮೊರದಲ್ಲಿದ್ದ ರಾಗಿಯ ಮೇಲೆ ಕೈಯಾಡಿಸುತ್ತಾ, "ಅಂಗಾರೆ ಅತ್ಗೆ ಇಷ್ಟು ವರ್ಷ ಅಲ್ಲೇ ಅವ್ರಾ?" ಎಂದಳು. ಬೈದಿದ್ದರೆ ಹಗುರಾಗುತ್ತಿತ್ತು.

ಮಾರನೆಯ ದಿನವೇ ಕಂಬಳಿ ತೆಗೆದುಕೊಂಡು ಹೊರಟೆ. ಅಕ್ಕ ತಿರುಗಿದ ದಾರಿಗಳೆಲ್ಲ ಕೂಡುವುದು ಮೆಜೆಸ್ಟಿಕ್ಕಿನಲ್ಲಿ, ಅವಳ ಬಾಯಿಂದ ಅಪ್ಪನ ಕೂಗು ಬಂದದ್ದೂ ಅಲ್ಲೇ. ಅಲ್ಲಿ ಇಳಿದು ಮೊದಲ ಸಲ ಮೆಟ್ರೋ ಸ್ಟೇಷನ್ನಿನ ಒಳಗೆ ಹೋದೆ. ಕಂಬಳಿಯನ್ನು ಯಂತ್ರದ ಬಾಯಿಗೆ ಹಾಕು ಎಂದರು, ಹಾಕಿದೆ. ಆಚೆ ಕಡೆಯಿಂದ ಬಂತು. ಪಕ್ಕದಲ್ಲಿ ಹೆಂಗಸರ ಸಾಲಿನಲ್ಲಿ ಒಬ್ಬ ಹುಡುಗಿ, ಅಕ್ಕನ ಹಾಗೇ ಪ್ಯಾಂಟು ಷರಟಿನಲ್ಲಿ, ಒಬ್ಬ ಮುದುಕಿಯ ಚೀಲವನ್ನು ಮುಟ್ಟಿಯೂ ಮುಟ್ಟದ ಹಾಗೆ ನೋಡಿ, "ಹೋಗಮ್ಮ, ನಿಧಾನ" ಎನ್ನುತ್ತಿದ್ದಳು. ನಾವು ಹೋಟೆಲಿನಲ್ಲಿ ಕೂತು ನಕ್ಕದ್ದು ಇದಕ್ಕೆ.

ಕೆಳಗೆ, ಕೆಳಗಿನಿಂದ ಇನ್ನೂ ಕೆಳಗೆ ಇಳಿದೆ. ಕಲ್ಲಿಗಾಗಿ ನೋಡಿದೆ. ನೆಲವೆಲ್ಲ ನುಣುಪು ಕಲ್ಲೇ. ಎತ್ತಿಕೊಳ್ಳಲು ಒಂದು ಚೂರಿಲ್ಲ. ಮೂಲೆ ಮೂಲೆ ಬಗ್ಗಿ ನೋಡಿದೆ. ನೆಲ ಒರೆಸುವ ಹೆಂಗಸು, "ಏನಣ್ಣ ಕಳ್ಕೊಂಡ್ರಿ?" ಎಂದಳು. ಕಲ್ಲು ಹುಡುಕುತ್ತಿದ್ದೇನೆ ಎಂದರೆ ಏನೆಂದುಕೊಳ್ಳುತ್ತಾಳೋ. ಆದರೂ ಸುಳ್ಳು ಹೇಳಿ ಸಾಕಾಗಿತ್ತು. "ಒಂದ್ ಕಲ್ಲು ಬೇಕಿತ್ತಮ್ಮ" ಎಂದೆ.

"ಕಲ್ಲಾ? ಒಂದ್ ಕೂದ್ಲು ಬಿದ್ದಿದ್ರೂ ನಮ್ಮನ್ನ ಬುಡಲ್ಲ, ಕಲ್ಲೆಲ್ಲಿಂದ ತರ್ಲಿ?"

ಗೋಡೆಯ ಬದಿಗೆ ಕಂಬಳಿ ಹಾಸಿದೆ. ಪೂರ್ತಿ ಬಿಚ್ಚಿ ಹಾಸಿದೆ. ರೈಲು ಹೋಗಿ ಸ್ವಲ್ಪ ಹೊತ್ತು ಸದ್ದು ಅಡಗಿದಾಗ, ಆಚೆ ಗುಡ್ಡಕ್ಕೆ ಕೇಳುವ ದನಿಯಲ್ಲಿ "ಅಕ್ಕಾ" ಎಂದು ಕರೆದೆ. ನೆಲದಡಿಯ ಆ ಉದ್ದಕ್ಕೂ ಕೂಗು ಓಡಿ ಹೋಗಿ ತಿರುಗಿ ಬಂತು. ಎಷ್ಟೋ ಹೆಂಗಸರು ತಿರುಗಿ ನೋಡಿದರು. ಒಬ್ಬ ಗಾರ್ಡ್ ನನ್ನ ಕಡೆ ಹೊರಟವನು, ನೆಲ ಒರೆಸುವ ಹೆಂಗಸು ಕೈ ಅಡ್ಡ ಹಿಡಿದು ಏನೋ ಹೇಳಿದ ಮೇಲೆ ಅಲ್ಲೇ ನಿಂತ.

ರೈಲಿನಲ್ಲಿ ಬಾಗಿಲ ಪಕ್ಕ ನಿಂತೆ. ದಾರಿಯಲ್ಲಿ ಹಳ್ಳವಿಲ್ಲ, ಕವಲಿಲ್ಲ, ಬರುವುದೆಲ್ಲ ಸ್ಟೇಷನ್ನುಗಳು. ಅವುಗಳನ್ನೇ ಹೇಳಬೇಕಲ್ಲ. ಸಂಪಿಗೆ ರಸ್ತೆ ಎಂದು ರೈಲು ಕೂಗಿತು. "ಅಕ್ಕ, ಸಂಪಿಗೆ ರೋಡು ಬಂತು. ಇಲ್ಲಿ ಬಟ್ಟೆ ಗಿರಣಿ ಇತ್ತು" ಎಂದು ನನ್ನ ಬಾಯಿ ಹೇಳಿತು. ಅವಳು ಇದನ್ನು ಯಾವಾಗ ಹೇಳಿದ್ದಳೋ, ನಾನು ಯಾವಾಗ ಕೇಳಿಸಿಕೊಂಡಿದ್ದೆನೋ. ರೈಲು ನೆಲದಿಂದ ಎದ್ದು ಬೆಳಕಿಗೆ ಬಂತು. ಗೊರಗುಂಟೆಪಾಳ್ಯ ಬಂತು. "ಇಲ್ಲಿ ಹೊಲದವನು ನಮ್ಮ ನಾಯಿಗೆ ಕಲ್ಲು ಹೊಡೆದ, ನೀನು ಅವನ ರಾಗಿ ಬೇಡ ಅಂತ ಅಲ್ಲೇ ಸುರಿದು ಬಂದೆ." ಪೀಣ್ಯ ಬಂತು. "ಇಲ್ಲಿ ಕರೀ ಕುರಿ ಎರಡು ಮರಿ ಹಾಕ್ತು." ಪಕ್ಕದವರು ನನ್ನನ್ನು ನೋಡಿ ಸ್ವಲ್ಪ ಜರುಗಿದರು. ಜರುಗಲಿ. ಕೆಲವು ಸ್ಟೇಷನ್ನುಗಳಿಗೆ ಏನೂ ನೆನಪಾಗಲಿಲ್ಲ. ಅಲ್ಲಿ, "ಇದು ನಾನು ಕೇಳಿಸ್ಕೊಳ್ಲಿಲ್ಲ ಕಣಕ್ಕ, ಆದ್ರೂ ಬಾ" ಎಂದೆ.

ರೈಲು ಈಗ ನಾಗಸಂದ್ರಕ್ಕೇ ಕೊನೆಯಾಗುವುದಿಲ್ಲ, ಮುಂದೆ ಮಾದಾವರದವರೆಗೆ ಹೋಗುತ್ತದೆ. ಅಲ್ಲಿಯ ಸ್ಟೇಷನ್ನು ಅಕ್ಕ ಹೋದ ಮೇಲೆ ತೆರೆದದ್ದು. ಇಳಿದು ಸ್ವಲ್ಪ ಹೊತ್ತು ನಿಂತೆ. "ಇದು ನೀನು ನೋಡಿಲ್ಲ. ಹೊಸದು. ಕೆಳಗೆ ನಾವು ಮಂದೆ ಹಾಕ್ತಿದ್ದ ಹೊಲ ನೋಡು, ಮನೆ ಆಗವೆ" ಎಂದು ಸುತ್ತ ತೋರಿಸಿದೆ. ಆಮೇಲೆ ಸಿರಾ ಬಸ್ಸು ಹಿಡಿದೆವು.

ಕುರಿ ಒಳಗಾಗುತ್ತಿದ್ದವು. ಬಾಗಿಲು ಹಾಕಿತ್ತು. ಎರಡನೇ ಸಲ ಕರೆದು ತರುವುದು ಏಕೆ ಎಂದು ಹೆಂಡತಿ ದೊಡ್ಡವ್ವನಿಗೆ ಹೇಳಿರಲಿಲ್ಲ. ಬಾಗಿಲ ಹಿಂದೆ ಕೂತುಕೋ ಎಂದು ಮಾತ್ರ ಹೇಳಿದ್ದಳು. ಒಳಗಿನಿಂದ ದೊಡ್ಡವ್ವನ ದನಿ ಬಂತು. "ಯಾರ್ನ ಕರ್ಕೊಂಡು ಬಂದೆ?"

"ಅಕ್ಕನ್ನ."

"ಎಲ್ಲಿಂದ ಕರ್ಕೊಂಡು ಬಂದೆ?"

"ದೊಡ್ಡವ್ವ, ಮೊದ್ಲು ತಂದ ಕಲ್ಲು ಸುಳ್ಳು. ಅವ್ಳು ಎಲ್ಲಿ ನಿಲ್ತಿದ್ಲು ಅಂತ ನನಗೆ ಗೊತ್ತಿರ್ಲಿಲ್ಲ. ಕೇಳಿರ್ಲಿಲ್ಲ. ಅವ್ಳು ಒಂದ್ಕಡೆ ಇರ್ಲಿಲ್ಲ, ಎಲ್ಲಾ ಸ್ಟೇಷನ್ನಲ್ಲೂ ಇದ್ಲು. ಎಲ್ಲಾ ಕಡೆಯಿಂದ ಕರ್ಕೊಂಡು ಬಂದಿದೀನಿ. ಕಲ್ಲು ಸಿಗ್ಲಿಲ್ಲ. ಬರೀ ಕಂಬ್ಳಿ ಐತೆ."

ರೊಪ್ಪದಲ್ಲಿ ಮರಿಗಳು ತಾಯಿಯನ್ನು ಹುಡುಕಿ ಕೂಗುತ್ತಿದ್ದವು. ನಾನು ಕಂಬಳಿಯನ್ನು ಎದೆಗೆ ಹಿಡಿದುಕೊಂಡು, ಬಾಗಿಲು ತೆರೆಯದಿದ್ದರೆ ಎಲ್ಲಿಗೆ ಕರೆದುಕೊಂಡು ಹೋಗಲಿ ಎಂದು ಯೋಚಿಸುತ್ತಾ ನಿಂತಿದ್ದೆ.

ಚಿಲಕ ಸರಿಯಿತು. ದೊಡ್ಡವ್ವ ನನ್ನ ಮುಖ ನೋಡಲಿಲ್ಲ. ನನ್ನ ಪಕ್ಕದ ಖಾಲಿ ಜಾಗವನ್ನು ನೋಡಿದಳು, ಆಮೇಲೆ ತಿರುಗಿ ಒಳಗೆ ನನ್ನ ಹೆಂಡತಿಗೆ ಹೇಳಿದಳು:

"ಅಷ್ಟೊಂದು ಕಡೆಯಿಂದ ಬಂದವ್ಳೆ, ಸುಸ್ತಾಗಿರ್ತಾಳೆ. ಮೊದ್ಲು ಕಾಲಿಗೆ ನೀರು ಕೊಡಮ್ಮ."